ಕುಗ್ಗಿದ ತಿಪ್ಪೆ

ಹೊಗೆ, ಅಲ್ಲ, ಹಬೆ, ಗಂಡ ಮೂಕಪ್ಪನ ಗುದ್ದಲಿ ಬಿದ್ದ ಕಡೆಯೆಲ್ಲ ತಿಪ್ಪೆಯೊಳಗಿಂದ ಬೆಚ್ಚಗೆ ಏಳುತ್ತಿದೆ, ಆದರೆ ಉಚ್ಚಂಗೆಮ್ಮನ ಕಣ್ಣು ಹಬೆಯ ಮೇಲಿಲ್ಲ, ಗುಂಡಿಯಂಚಿಗೆ ತಾನೇ ನೆಟ್ಟ ಬೇವಿನ ಗೂಟದ ಮೇಲಿದೆ — ದೀಪಾವಳಿಗೆ ತಿಪ್ಪೆಗೆ ಚೆಂಡುಹೂವಿಟ್ಟು ದೀಪ ಹಚ್ಚಿದ ದಿನ ಗೊಬ್ಬರ ಗೂಟದ ನೆತ್ತಿಗೆ ಸಮ ಇತ್ತು, ಈಗ ಮೊಣಕಾಲುದ್ದ, ದಿನಾ ಸುರಿದ ಸಗಣಿ, ತಿರುಗಿಸಿದ ಬಚ್ಚಲ ನೀರು, ತಂದು ತುಳಿದ ಹೊಂಗೆಸೊಪ್ಪು ಎಲ್ಲ ಎಲ್ಲಿ ಹೋಯಿತು, ಅದಕ್ಕೇನು ಕಾಲು ಬಂತೇ, ಕಾಲಲ್ಲ, ಕೈ ಬಂತು, ಗೋಡೆಯಾಚೆಯ ಕೈ. ಮನೆ ಪಾಲಾದ ಮೇಲೆ ಒಲೆ ಎರಡಾಯಿತು, ತಿಪ್ಪೆ ಎರಡಾಯಿತು, ಆಚೆಯದು ವಾರಗಿತ್ತಿ ಬೊಮ್ಮಕ್ಕನದು, ಬರೀ ಜೋಳದ ದಂಟು, ಒಣ ಸೆತ್ತೆ, ತೊಟ್ಟು ನೀರು ಕಾಣದ್ದು, ಅದು ಮಾತ್ರ ಎದೆಯುದ್ದ ಹಾಗೇ ನಿಂತಿದೆ, ಹೇಗೆ ನಿಂತೀತು, ಇಲ್ಲಿಂದ ಹೋಗದಿದ್ದರೆ? ಕೊಳೆತ್ರೆ ಕುಗ್ತೈತಮ್ಮ, ಅರ್ಧಕ್ಕರ್ಧ ಇಳೀತೈತೆ, ಸತ್ವ ಎಲ್ಲೂ ಹೋಗಲ್ಲ, ಪೈರಿಗೇ ಬರ್ತೈತೆ — ಸೈಕಲ್ಲಿನಲ್ಲಿ ಬಂದ ಗ್ರಾಮಸೇವಕ ಹೇಳಿದ್ದ, ಯೂರಿಯಾ ಚೀಲ ಹಂಚುವವನಿಗೆ ತಿಪ್ಪೆಯ ಸುದ್ದಿ ಏನು ಗೊತ್ತು, ಮೊದಲು ಬೊಮ್ಮಕ್ಕನ ಮನೆಗೆ ಹೋಗಿ ಬಂದಿದ್ದ, ಅಲ್ಲಿ ಕುಡಿದ ಮಜ್ಜಿಗೆಯೇ ಇಲ್ಲಿ ಮಾತಾಡಿತು. ಅದಕ್ಕೇ ತಾನು ಉಪಾಯ ಹೂಡಿದ್ದು, ಒಡೆದ ಕೆಂಪು ಬಳೆಗಳ ಚೂರು ಕೂಡಿಟ್ಟು, ಮೇಲೆ ಹೊಸದು ಸುರಿದಂತೆ ಗೇಣಿಗೊಂದರಂತೆ ಹುದುಗಿಸುತ್ತಾ ಬಂದದ್ದು, ಗಂಡ ಸತ್ತ ಮೇಲೆ ಬೊಮ್ಮಕ್ಕನ ಕೈಯಲ್ಲಿ ಬಳೆಯಿಲ್ಲವಲ್ಲ, ಅವಳ ಹೊಲದಲ್ಲಿ ಕೆಂಪು ಚೂರು ಸಿಕ್ಕರೆ ಕಳ್ಳಿ ಅವಳೇ ಅಂತ ಗೋವಿನಕೋವಿ ಊರಿಗೆ ಊರೇ ಒಪ್ಪಬೇಕು, ಆದರೆ ಅಲ್ಲಿಯತನಕ ಬಾಯಿ ಕೇಳಬೇಕಲ್ಲ, ಮೊನ್ನೆ ಬಾವಿಕಟ್ಟೆಯ ಮೇಲೆ ಹತ್ತು ಜನರೆದುರು ಉಚ್ಚಂಗೆಮ್ಮ ಅಂದೇಬಿಟ್ಟಳು, ಬಳೆ ಇಲ್ದಿರೋ ಕೈ ಸದ್ದಿಲ್ದಂಗೆ ಕದೀತೈತೆ ಕಣ್ರೇ. ಬೊಮ್ಮಕ್ಕ ಕೊಡ ಇಳಿಸಿದಳು, ತನ್ನ ಎರಡೂ ಕೈ ನೋಡಿಕೊಂಡಳು, ಬಾಣಂತಿ ಜ್ವರದಲ್ಲಿ ಉಚ್ಚಂಗೆಮ್ಮನಿಗೆ ಗಂಜಿ ಕುಡಿಸಿದ ಕೈ ಅದು — ಕುಡಿಸಿದರೆ ಏನಾಯಿತು, ಕುಡಿಸಿದ ಕೈ ಕದಿಯುವುದಿಲ್ಲವೇ, ಇಲ್ಲದಿದ್ದರೆ ಈ ಬೆಳಿಗ್ಗೆ ಟ್ರಂಕು ಹೊತ್ತು ಜಗಳೂರಿನ ತವರಿಗೆ ಯಾಕೆ ಹೊರಟಳು, ಹೊಲ ದನ ನೀನೇ ನೋಡ್ಕಳಪ್ಪಾ ಎಂದು ಮೂಕಪ್ಪನಿಗಷ್ಟೇ ಹೇಳಿ, ತನ್ನತ್ತ ತಿರುಗಿಯೂ ನೋಡದೆ? ಬಸ್ಸು ಇನ್ನೂ ಬಂದಿಲ್ಲ, ಅವಳಿನ್ನೂ ರಸ್ತೆಯಲ್ಲೇ ನಿಂತಿರಬೇಕು.

ಲೇ, ನೋಡಿಲ್ಲಿ, ಹೆಂಗೆ ಮಾಗೈತೆ ಗೊಬ್ಬರ, ಮೂಕಪ್ಪ ಒಂದು ಹಿಡಿ ಎತ್ತಿ ಉದುರಿಸುತ್ತಾನೆ, ಕಪ್ಪಗೆ, ಹಗುರಾಗಿ, ಮೊದಲ ಮಳೆ ಬಿದ್ದ ಹೊಲದ ವಾಸನೆ, ಸಗಣಿಯದಲ್ಲ, ಸೊಪ್ಪಿನದಲ್ಲ, ಆ ಕಪ್ಪಿನಲ್ಲಿ ಏನೋ ಮಿಂಚಿತು, ಕೆಂಪು. ಬಗ್ಗಿದಳು, ಬಳೆಚೂರು, ಅದರ ಬೆರಳುದ್ದ ಕೆಳಗೆ ಇನ್ನೊಂದು, ಮತ್ತೆ ಬೆರಳುದ್ದ ಕೆಳಗೆ ಮತ್ತೊಂದು, ಕೈ ಹಾಕಿ ಕೆದಕುತ್ತಾಳೆ, ಗೇಣಂತರದಲ್ಲಿಟ್ಟವು ಬೆರಳುದ್ದಕ್ಕೆ ಬಂದು ಕೂತಿವೆ, ಇಟ್ಟ ಸಾಲು ಇಟ್ಟ ಹಾಗೇ, ಕದ್ದವಳು ಚೂರು ಆರಿಸಿ ಬಿಟ್ಟು ಹೋಗಿರಬಹುದು, ಜಾಣೆ ಅವಳು, ಹಾಗೇ ಮಾಡಿರಬಹುದು — ಆದರೆ ಚೂರುಗಳೆಲ್ಲದರ ಅಡಿಯಲ್ಲಿ ದೀಪಾವಳಿಯ ಹಣತೆ, ಇಟ್ಟಲ್ಲೇ ಅಂಗಾತ, ಸುತ್ತ ಹೂವಿಲ್ಲ, ಹೂವು ಇದ್ದ ಕಡೆ ಬರೀ ಕರಿಮಣ್ಣು, ಯಾರೂ ಮುಟ್ಟಿಲ್ಲ, ಯಾರೂ ಒಯ್ದಿಲ್ಲ, ತಾನು ಸುರಿದ ನೀರಿಗೆ ಕೊಳೆತು ಕೊಳೆತು ಎಲ್ಲ ಇಲ್ಲೇ ಇಳಿದು ಕೂತಿದೆ. ನ್ಯಾಮತಿ ಕಡೆಯಿಂದ ಬಸ್ಸಿನ ಹಾರ್ನು. ಓಡಬೇಕು, ಅಕ್ಕಾ ಎಂದು ಕೂಗಬೇಕು, ಏನಂತ ಕೂಗಲಿ, ಕೈಯನ್ನಾದರೂ ಬೀಸಬೇಕು, ಬೀಸಿದಳು — ಮೊಣಕೈತನಕ ಗೊಬ್ಬರ ಮೆತ್ತಿದೆ, ತೊಟ್ಟ ಬಳೆಗಳು ಅದರೊಳಗೆ ಹೂತುಹೋಗಿವೆ, ಸದ್ದಿಲ್ಲ, ಇನ್ನೊಮ್ಮೆ ಬೀಸಿದಳು, ಸದ್ದಿಲ್ಲ, ಬಳೆ ಇಲ್ಲದ ಕೈ, ಕಪ್ಪು ಕೈ, ಅಂಗೈಯಲ್ಲಿ ಕೆಂಪು ಚೂರು.