ಹೂಳುವ ಕಾಗದಗಳ ಪೆಟ್ಟಿಗೆ

ನಾನು ಒಂದು ಮರದ ಪೆಟ್ಟಿಗೆ. ಜರ್ಮನಿಯ ಫ್ರಾಂಕ್‌ಫರ್ಟಿನಲ್ಲಿ ಒಬ್ಬ ಬಡಗಿಯ ಕೈಯಲ್ಲಿ ಹುಟ್ಟಿದೆ. ಜೊತೆಗೆ ಹುಟ್ಟಿದ ಪೆಟ್ಟಿಗೆಗಳಿಗೆ ರೇಷ್ಮೆ, ಬೆಳ್ಳಿ ಸಿಕ್ಕಿದವು. ನನ್ನ ಹಣೆಯಲ್ಲಿ ಹರಿದ ಕಾಗದ ಬರೆದಿತ್ತು. ಯೆಹೂದ್ಯರಲ್ಲಿ ದೇವರ ಹೆಸರಿರುವ ಹಾಳೆ ಎಷ್ಟೇ ಹರಿದರೂ ಕಸಕ್ಕೆ ಹಾಕುವಂತಿಲ್ಲ, ಸುಡುವಂತಿಲ್ಲ. ಕೂಡಿಟ್ಟು, ಸತ್ತವರಂತೆ ಸ್ಮಶಾನದಲ್ಲಿ ಹೂಳಬೇಕು. ಅಲ್ಲಿಯವರೆಗೆ ಕಾಯುವುದು ನನ್ನ ಕೆಲಸ.

ನನ್ನನ್ನು ಮನೆಗೆ ತಂದವರು ಎಫ್ರೈಮ್ ಲಿಂಡೌವರ್, ಧರ್ಮಶಾಸ್ತ್ರದ ಮೇಷ್ಟ್ರು. “ದೇವರು ಆಕಾಶದಲ್ಲಿಲ್ಲ. ಎದುರಿಗಿದ್ದವರ ಕೈ ಹಿಡಿದರೆ ಆ ಹಿಡಿತದಲ್ಲಿದ್ದಾನೆ. ಬಿಟ್ಟರೆ ಅವನೂ ಬೀಳುತ್ತಾನೆ” ಎಂದು ಪಾಠ ಹೇಳುತ್ತಿದ್ದರು. ಹೇಳುವುದಕ್ಕೇನು, ನಾಲಿಗೆಗೆ ಮೂಳೆಯೇ?

ನಾಜಿಗಳ ಕಾಲ ಬಂತು. ಲಂಡನ್ನಿಗೆ ಹೋಗಲು ಸಿಕ್ಕಿದ್ದು ಎರಡೇ ಪರವಾನಗಿ: ಮೇಷ್ಟ್ರಿಗೊಂದು, ಮಗಳು ತಿರ್ಜಾಳಿಗೊಂದು. ಸಾಮಾನಿನ ಜೊತೆ ನಾನೂ ಹೊರಟೆ. ರೈಲು ಹೊರಡುವಾಗ ಮೇಷ್ಟ್ರ ಮುದಿ ತಾಯಿ ಮಗನ ಕೈ ಬಿಡಿಸಿಕೊಂಡು, “ಹೋಗಪ್ಪ, ಮಗು ಜೋಪಾನ” ಅಂದಳು. ಆಕೆಯನ್ನು ಕೊಂದ ಸುದ್ದಿ ಯುದ್ಧ ಮುಗಿದ ಮೇಲೆ ಬಂತು.

ಮೇಷ್ಟ್ರು ಪ್ರಾರ್ಥನೆ ಬಿಟ್ಟರು. ಒಂದು ಪುಸ್ತಕ ಬರೆಯತೊಡಗಿದರು. “ನಾನು ಅಮ್ಮನ ಕೈಬಿಟ್ಟೆ, ಸರಿ. ಆ ದೇವರು ಯಾಕೆ ಬಿಟ್ಟ? ಈ ಪುಸ್ತಕದಲ್ಲಿ ಅವನ ಹೆಸರು ಬರೆಯೋದಿಲ್ಲ ಕಣಮ್ಮ” ಎಂದು ತಿರ್ಜಾಳಿಗೆ ಕಡ್ಡಿ ಮುರಿದಂತೆ ಹೇಳಿದರು. ಒಂಬತ್ತು ವರ್ಷ ಬರೆದರು, ಹೊಡೆದುಹಾಕಿದರು, ಅತ್ತರು, ಮತ್ತೆ ಬರೆದರು. ಇದ್ದದ್ದು ಅದೊಂದೇ ಪ್ರತಿ. ಅಚ್ಚಾದರೆ ತನ್ನಂತೆ ಬೆಂದವರಿಗೆ ಜೊತೆಯಾದೀತು ಎಂಬ ಆಸೆಯಿಂದಲೇ ಜೀವ ಹಿಡಿದಿದ್ದರು.

ಒಂದು ಬೆಳಿಗ್ಗೆ ಕೊನೆಯ ಹಾಳೆಯಲ್ಲಿ ದೇವರ ಹೆಸರು ಬರೆದರು. ಕೆಳಗೊಂದು ಸಾಲು ಬರೆದು ಗಟ್ಟಿಯಾಗಿ ಓದಿಕೊಂಡರು: “ನೀನೂ ಬಿದ್ದಿದ್ದೀಯ. ಕೈ ಕೊಡು.” ಅದನ್ನು ಮಗಳಿಗೆ ಹೇಳುವ ಮೊದಲೇ ಪಾರ್ಶ್ವವಾಯು ಬಡಿಯಿತು. ಮಾತು ನಿಂತಿತು.

ಆ ವಾರವೇ ಕಾಗದ ಹೂಳುವ ದಿನ. ಮೇಜು ತೆರವು ಮಾಡುತ್ತಿದ್ದ ತಿರ್ಜಾಳಿಗೆ ಕಟ್ಟಿನ ಮೇಲಿನ ಹಾಳೆಯಲ್ಲಿ ದೇವರ ಹೆಸರು ಕಂಡಿತು. ಹಾಗಾದರೆ ಇದು ಅಪ್ಪನ ಪುಸ್ತಕವಾಗಿರಲು ಸಾಧ್ಯವಿಲ್ಲ, ಯಾವುದೋ ಹಳೆಯ ಪ್ರಾರ್ಥನೆ ಎಂದುಕೊಂಡಳು. ತೊಯ್ದ ಕಣ್ಣಿಂದ ಮುಂದೆ ಓದದೆ ಇಡೀ ಕಟ್ಟನ್ನು ನನ್ನೊಳಗಿಟ್ಟಳು.

ಹಾಸಿಗೆಯಿಂದ ಮೇಷ್ಟ್ರು ನೋಡಿದರು. “ಬೇಡ” ಎನ್ನುವುದು ಗಂಟಲು ದಾಟಲಿಲ್ಲ. ಆಡುವ ಒಂದೇ ಕೈಯನ್ನು ತಡೆಯಲು ಎತ್ತಿದರು. ತಲೆಯ ಮೇಲೆ ಕೈಯಿಟ್ಟು ಮಕ್ಕಳನ್ನು ಹರಸುವುದು ಯೆಹೂದ್ಯರ ಪದ್ಧತಿ. ತಿರ್ಜಾ ಓಡಿ ಬಂದು ಆ ಕೈಯಡಿ ತಲೆಬಾಗಿದಳು.

“ಹರಸ್ತಾ ಇದ್ದೀಯಾ ಅಪ್ಪಾ?”

ಅವರ ಕಣ್ಣಿಂದ ನೀರು ಇಳಿಯಿತು. ಅವಳು ಅದನ್ನು ಸಂತೋಷವೆಂದುಕೊಂಡಳು.

ಹಾಳೆಗಳ ಜೊತೆ ನನ್ನನ್ನೂ ಹೂಳಿದರು. ಈಗ ಮಣ್ಣಿನಡಿ ನನ್ನ ತಳ ಕೊಳೆಯುತ್ತಿದೆ, ಹಾಳೆಗಳಿಗೆ ತೇವ ಹತ್ತಿದೆ. ತಿರ್ಜಾ ಮೇಲೆ ಅಪ್ಪನ ಪುಸ್ತಕಕ್ಕಾಗಿ ಇನ್ನೂ ಬೀರು ಬೀರು ತಡಕುತ್ತಿರಬಹುದು. ಕೊಟ್ಟ ಕೆಲಸವನ್ನು ನಾನು ಚಾಚೂ ತಪ್ಪದೆ ಮಾಡಿದೆ. ಆ ಪಾಪ ಯಾವ ಮರಕ್ಕೂ ಬೇಡ.