ಸಂಪಂಗಿ ಬೀಳುತ್ತಿದ್ದ ಬೆಡ್ಡು

ಮಲಗಲಿ ಅಂತ ನನ್ನನ್ನು ಹೊಲಿಯಲಿಲ್ಲ, ಬೀಳಲಿ ಅಂತ ಹೊಲಿದರು. ಕಲಾಸಿಪಾಳ್ಯದ ಗುಜರಿ ಅಂಗಡಿಯೊಂದರ ಹಿಂದೆ, ಹರಿದ ಬಸ್ ಸೀಟುಗಳ ಸ್ಪಂಜನ್ನೆಲ್ಲ ಟಾರ್ಪಾಲಿನೊಳಗೆ ತುರುಕಿ, ದಬ್ಬಳದಲ್ಲಿ ಬಾಯಿ ಹೊಲಿದರು. ನಾನು ಫೈಟಿಂಗ್ ಬೆಡ್ಡಾದೆ. ಅವತ್ತೇ ಸಂಪಂಗಿ ನನ್ನ ಮೇಲೆ ಎಗರಿ ನೋಡಿದ.

"ನಮ್ಮವ್ವನ ಮಡಿಲಿದ್ದಂಗೈತೆ ಮಾಸ್ಟ್ರೇ."

"ನಿಮ್ಮವ್ವ ಮಹಡಿಯಿಂದ ಎಷ್ಟು ಸಲ ಎತ್ತಾಕವಳೆ ನಿನ್ನ?" ಎಂದರು ಫೈಟ್ ಮಾಸ್ಟರ್.

ಸಂಪಂಗಿ ಸಿನಿಮಾದಲ್ಲಿ ಡೂಪು. ಹೀರೋ ಹಾರಬೇಕಾದಾಗ ಹೀರೋನ ಅಂಗಿ, ಹೀರೋನಂಥ ವಿಗ್ಗು ಹಾಕಿಕೊಂಡು ಇವನು ಹಾರುತ್ತಿದ್ದ. ಹೀರೋ ಕೊಡೆಯ ಕೆಳಗೆ ಎಳನೀರು ಹೀರುತ್ತಿದ್ದ. ಡೂಪಿನ ಮುಖ ಕಾಣಬಾರದು, ಕೆಲಸದ ಮೊದಲ ನಿಯಮ ಅದು. ಸಂಪಂಗಿ ಮೇಲಿನಿಂದ ನನ್ನನ್ನೇ ನೋಡುತ್ತ ಹಾರಿ, ಕೊನೇ ಗಳಿಗೆಯಲ್ಲಿ ಮಗುಚಿ ಬೆನ್ನು ಕೊಡುತ್ತಿದ್ದ. ಮುಖದ ತುಂಬ ವಿಗ್ಗಿನ ಕೂದಲು. ನನಗೆ ಗೊತ್ತಿದ್ದದ್ದು ಅವನ ಬೆನ್ನು ಮಾತ್ರ.

ಊಟದ ಹೊತ್ತಿಗೆ ನನ್ನ ಮೇಲೆ ಕೂತು ಮನೆಯ ಮಾತು ಹೇಳುತ್ತಿದ್ದ. ಹೆಂಡತಿ ರುಕ್ಕು ಅಕ್ಕಪಕ್ಕದವರನ್ನು ಥಿಯೇಟರಿಗೆ ಕರೆದುಕೊಂಡು ಹೋಗಿ, "ಹಾರಿದ್ರಲ್ಲ, ಅದು ನಮ್ಮೆಜಮಾನ್ರು" ಅಂದಳಂತೆ. "ಹೀರೋನ ತೋರ್ಸಿ ನನ್ ಗಂಡ ಅಂತಾಳೆ ನೋಡ್ರೇ" ಅಂತ ವಠಾರವೆಲ್ಲ ನಕ್ಕಿತಂತೆ. ಹೇಳುತ್ತಾ ಅವನೂ ನಕ್ಕ. ಆದರೆ ಅನ್ನ ಹಾಗೇ ಬಿಟ್ಟು ಎದ್ದ.

ಕೊನೆಗೊಂದು ದಿನ ಅವನಿಗೇ ಪಾತ್ರ ಸಿಕ್ಕಿತು. ವಿಲನ್ನಿನ ಬಂಟ. ಹೀರೋ ಗುಂಡು ಹಾರಿಸಬೇಕು, ಇವನು ಬಾಲ್ಕನಿಯಿಂದ ಹಿಮ್ಮುಖವಾಗಿ ಬೀಳಬೇಕು, ಮುಖ ನೇರ ಕ್ಯಾಮೆರಾಕ್ಕೆ.

"ಬೆನ್ನು ಕೊಟ್ಟು ಬೀಳ್ಬೇಕು ಕಣೋ. ಕೆಳಗೇನೂ ಕಾಣಾಕಿಲ್ಲ."

"ಬೆಡ್ಡು ಐತಲ್ಲ ಮಾಸ್ಟ್ರೇ. ಕ್ಯಾಮೆರಾದಲ್ಲಿ ಮುಖ ಬೀಳ್ತದಲ್ಲ, ಅಷ್ಟು ಸಾಕು."

ಅವನೇ ನನ್ನನ್ನು ಹಾಸಿ, ಸುತ್ತ ಸುಣ್ಣದ ಗೆರೆ ಎಳೆದು, ಮುಟ್ಟಿ ಕಣ್ಣಿಗೊತ್ತಿಕೊಂಡು ಮೆಟ್ಟಿಲು ಹತ್ತಿದ. ಆಗ ಯಾರಿಗೋ ನೆನಪಾಯಿತು, ದೃಷ್ಟಿ ತೆಗೆದಿಲ್ಲ. ಬೂದುಗುಂಬಳಕಾಯಿ ಒಡೆಯದೆ ಯಾವ ಫೈಟೂ ಶುರುವಾಗುವುದಿಲ್ಲ. ಅವನು ಬೀಳುವ ಜಾಗದಲ್ಲೇ ಒಡೆಯಬೇಕಂತೆ. "ಬೆಡ್ಡಿಗೆ ಕುಂಕುಮ ಆಯ್ತದೆ, ಎಳೀರೋ ಪಕ್ಕಕ್ಕೆ." ಎಳೆದರು. ಒಡೆದರು. ಕಾಯಿಯ ನೀರಿನಲ್ಲಿ, ಕಾಲುಗಳ ತುಳಿತದಲ್ಲಿ ಸುಣ್ಣದ ಗೆರೆ ಹೋಯಿತು. ರಾಹುಕಾಲ ಬರುತ್ತೆ ಅಂತ ಡೈರೆಕ್ಟರ್ ಬೊಬ್ಬೆ. ಅಂದಾಜಿನಲ್ಲಿ ನನ್ನನ್ನು ನೂಕಿದರು. ಒಂದು ಮೊಳ ಆಚೆಗೆ ಉಳಿದೆ.

ನನ್ನ ಬಾಯಿ ಹೊಲಿದಿತ್ತು. ಬಾಯಿದ್ದವರು ಅಷ್ಟು ಜನ ಇದ್ದರಲ್ಲ, ಒಬ್ಬನಾದರೂ ಬಗ್ಗಿ ನೋಡಬಾರದಿತ್ತೇ?

ಅವನ ಹೆಗಲು ನನ್ನ ಮೇಲೆ ಬಿತ್ತು. ಸೊಂಟ ಕಲ್ಲುನೆಲಕ್ಕೆ, ಕುಂಬಳದ ತಿರುಳಿನ ಮೇಲೆ. ಎಲ್ಲರೂ ಚಪ್ಪಾಳೆ ತಟ್ಟಿದರು.

"ಶಾಟ್ ಓಕೆ. ಏಳೋ ಸಂಪಂಗಿ, ಸಾಕು ಆಕ್ಟಿಂಗು."

ಅವನು ಏಳಲಿಲ್ಲ.

ಅವತ್ತಿಂದ ನಾನು ಅಪಶಕುನದ ಬೆಡ್ಡು. ಫೈಟರ್‌ಗಳು ಯಾರೂ ನನ್ನ ಮೇಲೆ ಬೀಳಲೊಪ್ಪಲಿಲ್ಲ. ಮಾಸ್ಟರ್ ನನ್ನನ್ನು ಟೆಂಪೋದಲ್ಲಿ ಹಾಕಿ ಅವನ ಮನೆಗೇ ಕಳಿಸಿದರು. ಸೊಂಟದ ಕೆಳಗೆ ಜೀವವಿಲ್ಲದವನಿಗೆ ಮೆತ್ತಗಿನ ಹಾಸಿಗೆ ಬೇಕಿತ್ತು.

ಸಿನಿಮಾ ಬಂತು. ರುಕ್ಕು ಪಕ್ಕದ ಮನೆಯ ಸಾರಕ್ಕನ ಜೊತೆ ಹೋಗಿ ಬಂದಳು.

"ಕಾಣಿಸ್ದೆನಾ?"

"ಹೂಂ ರೀ. ಚೆನ್ನಾಗ್ ಕಾಣಿಸಿದ್ರಿ."

ಅವನು ನಿದ್ದೆ ಹೋದ ಮೇಲೆ ನನ್ನ ಅಂಚಿಗೆ ಕೂತ ರುಕ್ಕುವಿನ ಕಿವಿಯಲ್ಲಿ ಸಾರಕ್ಕ ಪಿಸುಗುಟ್ಟಿದಳು: "ಯಾಕೆ ಸುಳ್ಳು ಹೇಳ್ದೆ? ಢಂ ಅಂತು, ಹೀರೋ ಮುಖಾನೇ ತೋರ್ಸಿದ್ರು. ಬಿದ್ದದ್ದೇ ಕಾಣ್ಲಿಲ್ವಲ್ಲೇ."

ರುಕ್ಕು ಸೆರಗನ್ನು ಬಾಯಿಗೆ ತುರುಕಿಕೊಂಡಳು. ಅವಳು ನಡುಗಿದ್ದು ನನಗೆ ಮಾತ್ರ ಗೊತ್ತಾಯಿತು.

ಈಗ ನನ್ನ ಸ್ಪಂಜು ಪುಡಿಯಾಗುತ್ತಿದೆ. ಅವನ ಬೆನ್ನಿನಲ್ಲಿ ಹುಣ್ಣುಗಳಾಗಿವೆ. ಅವಕ್ಕೆ ಗಾಳಿಯಾಡಲಿ ಅಂತ ಮಧ್ಯಾಹ್ನದ ಹೊತ್ತು ರುಕ್ಕು ಅವನನ್ನು ಬೋರಲು ಮಲಗಿಸುತ್ತಾಳೆ. ಆಗ ಅವನ ಮುಖ ನನಗೆ ಒತ್ತಿಕೊಳ್ಳುತ್ತದೆ. ಚುಚ್ಚುವ ಗಡ್ಡ, ಒಮ್ಮೆ ಮುರಿದು ಕೂಡಿದ ಮೂಗು, ಒದ್ದೆ ಕಣ್ಣು.

"ಹೆಂಗ್ ಬಿದ್ದೆ ಹೇಳೇ ಅದ್ರಲ್ಲಿ," ಎಂದು ಇವತ್ತೂ ಕೇಳಿದ.

"ಹೀರೋ ಥರ," ಎಂದಳು, ಪೌಡರ್ ಉದುರಿಸುತ್ತಾ.

ಊರೆಲ್ಲ ನೋಡಬೇಕಿದ್ದ ಮುಖ. ಗುಜರಿ ಸ್ಪಂಜಿನ ಪಾಲಾಗಿದೆ.