ಇಲ್ಲ ಅಂತಾದರೂ ಬರೀರಿ

"ಕೈ ತೊಳ್ಕೊಂಡು ಬಾರೇ, ಸಾಹೇಬ್ರು ಕರೀತಿದಾರೆ. ಥೂ, ನಿಮ್ ನಾತ ಅಲ್ಲೀವರೆಗೂ ಹೊಡೀತಿದೆ."

ಜವಾನ ಮೂಗಿಗೆ ಕರವಸ್ತ್ರ ಒತ್ತಿಕೊಂಡು ಬಾಗಿಲಲ್ಲೇ ನಿಂತಿದ್ದ. ಅತ್ತಿಗೆಯ ತೋಳು ಮೊಣಕೈವರೆಗೆ ಕಚೇರಿಯ ಕಕ್ಕಸಿನ ಪೈಪಿನೊಳಗಿತ್ತು. ನಾನು ಪಕ್ಕದಲ್ಲಿ ಬಿದಿರಿನ ಸೀಳು ಹಿಡಿದಿದ್ದೆ.

"ನಾತ ನಮ್ದಲ್ಲಣ್ಣ, ನಿಮ್ದೇ," ಎಂದಳು ಅತ್ತಿಗೆ. "ನಾವು ಹೊರಗೆ ತೆಗೀತಿದೀವಿ, ಅಷ್ಟೆ."

ಕೆಲಸ ಮಾಡುವಾಗ ಮೇಲಿನ ಮಹಡಿಯ ಹೊಲಸು ಮುಖಕ್ಕೆ ನುಗ್ಗದಿರಲೆಂದು ಪೈಪಿಗೆ ಒದ್ದೆ ಗೋಣಿ ತುರುಕುತ್ತೇವೆ. ಏಳುವಾಗ ಅದನ್ನು ಎಳೆಯಲೇಬೇಕು, ಇಲ್ಲದಿದ್ದರೆ ಹೊಲಸು ಕಟ್ಟಿಕೊಂಡು ಹೊರಗೆ ಉಕ್ಕುತ್ತದೆ. ನಾನು ಕೈ ಹಾಕಿದೆ.

"ಇರ್ಲಿ ಬಿಡು," ಎಂದಳು ಅತ್ತಿಗೆ.

ನಮ್ಮ ಸಾಲುಮನೆ ಖಾಲಿ ಮಾಡಿಸುವ ಆದೇಶಕ್ಕೆ ಸಹಿ ಹಾಕಿದವನು ಇದೇ ಸಾಹೇಬ. ಆಮೇಲೆ ಬಡ್ತಿ ಸಿಕ್ಕಿತು. ಈಗ ಆ ಆದೇಶದ ಮೇಲ್ಮನವಿ ಕೇಳುವವನೂ ಅವನೇ. ದೊಡ್ಡ ಕೋರ್ಟಿಗೆ ಹೋದರೆ, ಮೊದಲು ಸಾಹೇಬನ ಹತ್ತಿರ ಮುಗಿಸಿಕೊಂಡು ಬನ್ನಿ ಎಂದು ವಾಪಸು ಕಳಿಸಿದರು. ಸಾಹೇಬ 'ಆಗುವುದಿಲ್ಲ' ಎಂದು ಬರೆದುಕೊಟ್ಟರೆ ಸಾಕು, ಮತ್ತೆ ಕೋರ್ಟಿಗೆ ಹೋಗಬಹುದು ಎಂದರು ವಕೀಲರು. ಅದು ಸಾಹೇಬನಿಗೂ ಗೊತ್ತು. ಅವನು ಹೌದು ಅನ್ನಲಿಲ್ಲ, ಇಲ್ಲ ಅನ್ನಲಿಲ್ಲ. ಬರೀ ತಾರೀಖು ಕೊಟ್ಟ. ಅಷ್ಟರಲ್ಲಿ ಅರ್ಧ ಸಾಲು ನೆಲಸಮವಾಯಿತು. ನಾಳೆ ಕೆಡವುವ ಯಂತ್ರ ಬರುವುದು ನಮ್ಮ ಮನೆಗೆ. ಒಳಗೆ ಅವ್ವ ಹಾಸಿಗೆ ಹಿಡಿದಿದ್ದಾಳೆ.

"ಪೇಪರ್ ಹಾಸಿ ನಿಲ್ಲಿಸೋ," ಎಂದ ಸಾಹೇಬ.

ಹಳೆಯ ಪತ್ರಿಕೆಯ ಮೇಲೆ ನಾವಿಬ್ಬರೂ ನಿಂತೆವು.

"ಮುಂದಿನ ತಿಂಗಳು ನೋಡೋಣಮ್ಮ."

"ಮುಂದಿನ ತಿಂಗಳು ಮನೆ ಇರಲ್ಲ ಸಾರ್. ಇವತ್ತೇ ಇಲ್ಲ ಅಂತ ಬರೀರಿ."

ಸಾಹೇಬ ನಕ್ಕ. "ಎಲ್ಲಾರೂ ಕೊಡಿ ಕೊಡಿ ಅಂತ ಕಾಲಿಗೆ ಬೀಳ್ತಾರೆ. ಕೊಡಬೇಡಿ ಅಂತ ಕೇಳೋಳು ನೀನೊಬ್ಳೇ ಕಣೇ."

"ನೀವು ಕೊಡಲ್ಲ ಅಂತ ಗೊತ್ತಲ್ಲ ಸಾರ್. ಅದನ್ನೇ ಬರೀರಿ."

"ಏನು ಬರೀಬೇಕು ಅಂತ ನನಗೆ ಹೇಳಿಕೊಡ್ತೀಯಾ? ಗುಂಡಿ ಬಳಿಯೋ ಮುಂಡೆ."

"ಬೋಳಿಮಗ," ಎಂದೆ ನಾನು. ಸಾಹೇಬನಿಗೆ ಕೇಳಿಸಿತೋ ಇಲ್ಲವೋ. ಅತ್ತಿಗೆ ನನ್ನ ಕಾಲು ತುಳಿದಳು.

ಕಾರಿಡಾರಿನಲ್ಲಿ ಗೊಳಗೊಳ ಸದ್ದಾಯಿತು. ಯಾರೋ ಕುರ್ಚಿ ಎಳೆದರು, ಯಾರೋ ಓಡಿದರು. ಬಾಗಿಲ ಸಂದಿಯಿಂದ ಕಂದು ನೀರು ತೆಳ್ಳಗೆ ಒಳಗೆ ಬಂತು. ಪತ್ರಿಕೆ ನೆನೆದು ನಮ್ಮ ಅಂಗಾಲಿಗೆ ಅಂಟಿತು. ನೀರು ನಿಧಾನವಾಗಿ ಮೇಜಿನ ಅಡಿಗೆ ಹರಿಯಿತು.

ಸಾಹೇಬ ಎರಡೂ ಕಾಲು ಎತ್ತಿ ಕುರ್ಚಿಯ ಮೇಲೆ ಮಡಚಿಕೊಂಡ.

"ಏನು ಮಾಡಿಟ್ಟು ಬಂದ್ಯೇ? ಹೋಗು, ಮೊದಲು ಅದನ್ನ ತೆಗಿ."

"ಬರೀರಿ. ತೆಗೀತೀನಿ."

ನೀರು ಗೋಡೆ ಮುಟ್ಟಿತು. ಜವಾನ ಕಡತಗಳನ್ನು ಎದೆಗವಚಿಕೊಂಡು ಮೇಜು ಹತ್ತಿದ. ಸಾಹೇಬನ ದನಿ ತಗ್ಗಿತು.

"ನೋಡಮ್ಮ, ತಿಂಗಳೆಲ್ಲಾ ಬೇಡ. ಸೋಮವಾರಾನೇ ತಾರೀಖು ಕೊಡ್ತೀನಿ. ತಗೋ."

ಚೀಟಿ ಹರಿದು ಮುಂದೆ ಚಾಚಿದ. ಅತ್ತಿಗೆಯ ಒದ್ದೆ ಕೈ ಮೇಲೇಳಲಿಲ್ಲ.

"ಬೇಡ," ಎಂದಳು.